ತುರ್ತು: ‘ಚರ್ಚ್ ಆರ್ಗನಿಸ್ಟ್’, ‘ಸಾಂಗ್‌ರೈಟರ್’ – ಕನ್ನಡದಲ್ಲಿ ಏನನ್ನೋಣ?

ಬೆಲ್‌ಫಾಸ್ಟ್‌ವಾಸಿ:
ಎಲ್ಲರಿಗೂ ನಮಸ್ಕಾರ. ಸ್ಮರಣ ಸಂಚಿಕೆಯೊಂದಕ್ಕೆ ಇಲ್ಲಿಯ, ಅಂದರೆ ಐರ್ಲೆಂಡಿನ, ಸಂಗೀತಗಾರ ಹ್ಯಾಮಿಲ್ಟನ್ ಹಾರ್ಟಿ ಬಗ್ಗೆ ಒಂದು ಪುಟ ಬರೆದಿದ್ದೇನೆ, ನಾಳೆ ಅಚ್ಚಿಗೆ ಹೋಗಬೇಕು. 1879ರಲ್ಲಿ ಡೌನ್ ಕೌಂಟಿಯ ಹಿಲ್ಸ್‌ಬರೋದಲ್ಲಿ ಹುಟ್ಟಿದವರು. ಅಪ್ಪ ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದರು. ಮಗನಿಗೂ ಹನ್ನೆರಡನೇ ವಯಸ್ಸಿಗೇ ಪಕ್ಕದ ಆಂಟ್ರಿಮ್ ಕೌಂಟಿಯ ಒಂದು ಚರ್ಚಿನಲ್ಲಿ ಅದೇ ಕೆಲಸ ಸಿಕ್ಕಿತು. ಆಮೇಲೆ ಬೆಲ್‌ಫಾಸ್ಟ್, ಡಬ್ಲಿನ್ ಬಳಿಯ ಬ್ರೇ, 1901ರಲ್ಲಿ ಲಂಡನ್. 1920ರಿಂದ 1933ರವರೆಗೆ ಮ್ಯಾಂಚೆಸ್ಟರಿನ ಹ್ಯಾಲೆ ಆರ್ಕೆಸ್ಟ್ರಾದ ಕಂಡಕ್ಟರ್ (ಓದುಗರು ಬಸ್ಸಿನವನು ಅಂದುಕೊಂಡಾರೆಂದು ‘ವಾದ್ಯವೃಂದದ ನಿರ್ದೇಶಕ’ ಎಂದು ಹಾಕಿದ್ದೇನೆ). ಸಿಕ್ಕಿಬಿದ್ದಿರುವುದು ಎರಡೇ ಕಡೆ, ಶೀರ್ಷಿಕೆಯಲ್ಲಿದೆ. ‘ಗೀತರಚನೆಕಾರ’ ನಡೆಯುತ್ತದೆಯೇ?

ಪೇಟಿಮಾಸ್ತರ, ಹುಬ್ಬಳ್ಳಿ:
ನಡಿಯಂಗಿಲ್ರೀ. ಗೀತರಚನೆಕಾರ ಅಂದ್ರ ಸಾಹಿತ್ಯ ಬರದಾಂವ. ನಿಮ್ಮ ಹಾರ್ಟಿ ಸಾಹಿತ್ಯ ಬರದಾನೇನು? ಇನ್ನ ಆರ್ಗನಿಸ್ಟಗ ‘ಪೇಟಿ ಮಾಸ್ತರ’ ಅನ್ರಿ, ಮುಗೀತು.

ಅಚ್ಚನುಡಿ:
ಗೀತ, ರಚನೆ, ಸಂಯೋಜನೆ ಎಲ್ಲ ಸಕ್ಕದದಿಂದ ತಂದವು. ಹಾಡು ಕಟ್ಟುವವನು ‘ಹಾಡುಕಟ್ಟುಗ’. ಆರ್ಗನ್ ಅಂದರೆ ‘ಕೊಳಲುಪೆಟ್ಟಿಗೆ’. ಕನ್ನಡದಲ್ಲಿ ಬೇರು ಇರುವಾಗ ಹೊರಗೆ ಕಯ್ ಚಾಚುವುದೇಕೆ?

ತೀರದವಳು, ಮಂಗಳೂರು:
ಪೆಟ್ಟಿಗೆ ಸಂಸ್ಕೃತದ ‘ಪೇಟಿಕಾ’ದ ತದ್ಭವ ಅಂತ ಹೈಸ್ಕೂಲಿನಲ್ಲೇ ಹೇಳಿಕೊಟ್ಟಿದ್ದರು. ಮಾಸ್ತರ ಪೇಟಿಯೂ ಅದೇ ಮನೆಯದು, ಬಂದ ಬಾಗಿಲು ಬೇರೆ ಅಷ್ಟೆ.
ಮತ್ತೆ, ಪೇಟಿ ಅಂದರೆ ಹಾರ್ಮೋನಿಯಂ. ಅದರಲ್ಲಿ ಸ್ವರ ಹುಟ್ಟುವುದು ಹಿತ್ತಾಳೆಯ ರೀಡಿನಿಂದ, ಅಂದರೆ ಗಾಳಿಗೆ ಅದುರುವ ತೆಳು ಪಟ್ಟಿಯಿಂದ. ಚರ್ಚಿನ ದೊಡ್ಡ ಆರ್ಗನ್‌ಗೆ ಸಾಲುಸಾಲು ಕೊಳವೆ. ಕಂಪನಿ ನಾಟಕದ ಕಾಲು ಹಾರ್ಮೋನಿಯಮ್ಮಿನಲ್ಲಿ ಕಾಲು ಗಾಳಿ ತುಂಬುತ್ತದೆ, ಇಲ್ಲಿ ಕಾಲೂ ಸ್ವರ ನುಡಿಸುತ್ತದೆ. ವಿದ್ಯುತ್ ಬರುವ ಮೊದಲು ತಿದಿ ಒತ್ತಲು ಸಾಮಾನ್ಯವಾಗಿ ಬೇರೆ ಆಳೇ ಇರುತ್ತಿದ್ದ. ಆರ್ಗನ್ ಎಂದೇ ಬಿಡಿ. ಚರ್ಚಿಗೆ ಬೇಕಾದರೆ ನಮ್ಮ ‘ಇಗರ್ಜಿ’ ಬಳಸಿ.

ಅಚ್ಚನುಡಿ:
ಇಗರ್ಜಿ ಪೋರ್ಚುಗೀಸರದು. ಚೆನ್ನಾಗಿದೆ ನಿಮ್ಮ ಕನ್ನಡ.

ತೀರದವಳು:
ಮೇಜು, ಸಾಬೂನು ಕೂಡ ಅವರು ತಂದವೇ. ನಾಳೆಯಿಂದ ಸಾಬೂನು ಬಿಡುತ್ತೀರಾ?

ಬೆಲ್‌ಫಾಸ್ಟ್‌ವಾಸಿ:
ದಯವಿಟ್ಟು ಎರಡನೆಯ ಪದಕ್ಕೆ ಬನ್ನಿ. ಹಾರ್ಟಿ ಸಾಹಿತ್ಯ ಬರೆದವರಲ್ಲ, ಮಾಸ್ತರು ಹೇಳಿದ್ದು ಸರಿ. ‘ಸೀ ರ‍್ಯಾಕ್’ ಹಾಡಿನ ಪದ್ಯ ಮೊಯ್ರಾ ಓನೀಲ್ ಅವರದು, ಧಾಟಿ ಇವರದು. ‘ಮೈ ಲ್ಯಾಗನ್ ಲವ್’ನಲ್ಲಿ ಅದೂ ಇಲ್ಲ: ಧಾಟಿ ಜನರ ಬಾಯಲ್ಲಿದ್ದದ್ದು, ಪದ್ಯ ಜೋಸೆಫ್ ಕ್ಯಾಂಪ್‌ಬೆಲ್ ಅವರದು, ಹಾರ್ಟಿ ಕೂಡಿಸಿದ್ದು ಪಿಯಾನೊ ಭಾಗವನ್ನು. ಲಂಡನ್ನಿನಲ್ಲಿ ಅವರಿಗೆ ಮೊದಲು ಹೆಸರು ಬಂದದ್ದೂ ಹಾಡುವವರ ಪಕ್ಕ ಕೂತು ಪಿಯಾನೊ ನುಡಿಸಿಯೇ.

ನಿವೃತ್ತ ಮೇಷ್ಟ್ರು, ಮೈಸೂರು:
‘ವಾಗ್ಗೇಯಕಾರ’ ಎಂಬ ಘನವಾದ ಶಬ್ದವಿರುವಾಗ ಈ ಪರದಾಟವೇಕೆ? ವಾಕ್ ಮತ್ತು ಗೇಯ, ಎರಡನ್ನೂ...

ತೀರದವಳು:
ಮೇಷ್ಟ್ರೇ, ಎರಡೂ ತನ್ನದಾಗಿದ್ದರೆ ತಾನೇ ವಾಗ್ಗೇಯಕಾರ? ಪುರಂದರದಾಸರಿಗೆ ಸರಿ. ಇವರಿಗೆ ಒಂದು ಹಾಡಿನಲ್ಲಿ ಗೇಯ ಮಾತ್ರ, ಇನ್ನೊಂದರಲ್ಲಿ ಅದೂ ಇಲ್ಲ.

ನಿವೃತ್ತ ಮೇಷ್ಟ್ರು:
ಒಪ್ಪಿದೆ. ಆದರೆ ‘ಹಾಡುಕಟ್ಟುಗ’ವನ್ನು ಮಾತ್ರ ಒಪ್ಪಲಾರೆ. ಕಿವಿಗೆ ಹೊಡೆದಂತಾಗುತ್ತದೆ.

ಪೇಟಿಮಾಸ್ತರ:
ಬ್ಯಾರೆ ಕವಿಗಳ ಪದ್ಯಕ್ಕ ಧಾಟಿ ಕೂಡಿಸಿದ ಅಶ್ವತ್ಥರಿಗೆ, ಮೈಸೂರು ಅನಂತಸ್ವಾಮಿಯವರಿಗೆ ಏನಂತೀವಿ? ಕ್ಯಾಸೆಟ್ ಮ್ಯಾಲೆ ನೋಡ್ರಿ: ರಾಗ ಸಂಯೋಜನೆ. ಅಲ್ಲಿ ರಾಗ ಅಂದ್ರ ಕಲ್ಯಾಣಿ, ಭೈರವಿ ಅಲ್ಲ, ಬರೇ ಧಾಟಿ. ಹಾರ್ಟಿ ಮಾಡಿದ್ದೂ ಅದ ಕೆಲಸ.

ಬೆಲ್‌ಫಾಸ್ಟ್‌ವಾಸಿ:
ಇದು ಹೊಂದುತ್ತದೆ, ಮಾಸ್ತರೇ. ಆದರೆ ಐರಿಷ್ ಹಾಡಿನ ಪಕ್ಕ ‘ರಾಗ’ ಕಂಡರೆ ಯಾವ ರಾಗ ಅಂತ ಕೇಳುವವರು ನಮ್ಮ ಕೂಟದಲ್ಲೇ ನಾಲ್ಕು ಜನ ಇದ್ದಾರೆ. ಹಾಗಾಗಿ ‘ಸ್ವರ ಸಂಯೋಜಕ’. ಜನರ ಧಾಟಿ ಇದ್ದಲ್ಲಿ ‘ಪಿಯಾನೊ ಹೊಂದಿಸಿದವರು’ ಅಂತ ಬಿಡಿಸಿಯೇ ಬರೆಯುತ್ತೇನೆ. ಕೊನೆಯ ಸಾಲುಗಳು ಹೀಗಿವೆ:
“ಹನ್ನೆರಡನೇ ವಯಸ್ಸಿಗೇ ಇಗರ್ಜಿಯ ಆರ್ಗನ್ ವಾದಕರಾದ ಹಾರ್ಟಿ ಮುಂದೆ ಸ್ವರ ಸಂಯೋಜಕರಾಗಿ, ವಾದ್ಯವೃಂದದ ನಿರ್ದೇಶಕರಾಗಿ ಹೆಸರಾದರು. 1925ರಲ್ಲಿ ಸರ್ ಪದವಿ ಬಂತು. 1941ರಲ್ಲಿ ತೀರಿಕೊಂಡರು. ಚಿತಾಭಸ್ಮ ಹಿಲ್ಸ್‌ಬರೋದ ಇಗರ್ಜಿಯ ಅಂಗಳದಲ್ಲಿದೆ.”

ಅಚ್ಚನುಡಿ:
ಎರಡು ಕಡೆ ಇಗರ್ಜಿ. ಕೊಳಲುಪೆಟ್ಟಿಗೆ ಒಂದು ಕಡೆಯೂ ಇಲ್ಲ.

ತೀರದವಳು:
ಪೆಟ್ಟಿಗೆ ಸಂಸ್ಕೃತ ಅಂತ ಕೈಬಿಟ್ಟಿರಬೇಕು.