ಅಪ್ಪನಿಗೆ ಅರವತ್ತರ ದಶಕದ ಹಾಡು: ರೆಕಾರ್ಡೋ, ಸಿಡಿಯೋ?

ಕುಂಜಿಬೆಟ್ಟಿನವ: ಮುಂದಿನ ತಿಂಗಳು ಅಪ್ಪನಿಗೆ 75 ತುಂಬುತ್ತದೆ. 1960ರ ದಶಕದ ಕನ್ನಡ ಸಿನಿಮಾ ಹಾಡುಗಳ ಸಂಗ್ರಹ ಒಂದು ಕೊಡಬೇಕೆಂದಿದ್ದೇನೆ. ಮನೆಯಲ್ಲಿರುವುದು ಪೆನ್‌ಡ್ರೈವ್ ಹಾಕುವ ರೇಡಿಯೊ ಮಾತ್ರ. 3,000 ರೂಪಾಯಿಯೊಳಗೆ ಯಾವುದು ಒಳ್ಳೆಯದು? ಕೊಂಡವರು ಅನುಭವ ಹೇಳಿ.

ಬಿಜೈಯವ: ಎಲ್‌ಪಿ ರೆಕಾರ್ಡು ಬಿಟ್ಟರೆ ಬೇರೆ ಯಾವುದೂ ಹಾಡೇ ಅಲ್ಲ. ಎರಡು ವರ್ಷದ ಹಿಂದೆ ಹಂಪನಕಟ್ಟೆಯ ಹತ್ತಿರ ಹಳೇ ಸಾಮಾನಿನವರಿಂದ 1,200 ಕೊಟ್ಟು ಒಂದು ತಂದೆ. ಪ್ಲೇಯರ್ ಇರಲಿಲ್ಲ. 6,500ಕ್ಕೆ ಸೂಟ್‌ಕೇಸಿನ ಥರದ್ದು ತಂದೆ. ಆರೇ ತಿಂಗಳಿಗೆ ಬೆಲ್ಟ್ ಸಡಿಲವಾಯಿತು. ಪಿ.ಬಿ. ಶ್ರೀನಿವಾಸ್ ತೂಕಡಿಸಿಕೊಂಡು ಹಾಡುತ್ತಿರುವ ಹಾಗೆ ಕೇಳುತ್ತಿತ್ತು. ಬೆಲ್ಟಿಗೆ 450, ಕೂಲಿ 600, ಮುಳ್ಳಿಗೆ 900. ಅಷ್ಟರಲ್ಲಿ ಆಟಿ ತಿಂಗಳ ಮಳೆ ಹಿಡಿಯಿತು, ಕವರಿಗೆಲ್ಲ ಬೂಷ್ಟು. ಈಗ ಕಪಾಟಿನೊಳಗೆ 40 ವ್ಯಾಟಿನ ಬಲ್ಬು ಉರಿಸಿಡುತ್ತೇನೆ. ಕರೆಂಟ್ ಬಿಲ್ಲು ಬಂದ ದಿನ ಮನೆಯವಳು ಮಾತಾಡುವುದಿಲ್ಲ. ಆದರೂ ಆ ದನಿ ಉಂಟಲ್ಲ, ಬಿಡಲಿಕ್ಕಾಗುವುದಿಲ್ಲ.

ಕಲ್ಯಾಣಪುರದವಳು: ಒಂದು ಎಲ್‌ಪಿ ಕೇಳಲು 9,650 ಮತ್ತು ಒಂದು ಬಲ್ಬು! ನಾನು ಸಿಡಿ ತಂದೆ, 199ಕ್ಕೆ. ಮೇಲೆ ದಪ್ಪ ಅಕ್ಷರದಲ್ಲಿ ಅರವತ್ತರ ದಶಕ ಅಂತ ಬರೆದಿತ್ತು. ಒಳಗೆ ನೋಡಿದರೆ ನಾಗರಹಾವು. ಅದು 1972ರದ್ದು! ಅದನ್ನೂ ಸಹಿಸಬಹುದಿತ್ತು. ಹಾಡಿದವರೇ ಬೇರೆ. ಕವರಿನ ಹಿಂದೆ ಇರುವೆಯಷ್ಟು ಸಣ್ಣ ಅಕ್ಷರದಲ್ಲಿ ಅದನ್ನು ಹಾಕಿದ್ದರು. ತಬಲಾ ಇದ್ದಲ್ಲೆಲ್ಲ ಕೀಬೋರ್ಡಿನ ಟಿಕ್ ಟಿಕ್. ಅಮ್ಮ ಒಂದು ಹಾಡು ಕೇಳಿ "ಇದು ಯಾರ ಮದುವೆಯ ಆರ್ಕೆಸ್ಟ್ರಾ?" ಅಂದರು. ಸೀಲ್ ಒಡೆದದ್ದು ವಾಪಸ್ ಇಲ್ಲವಂತೆ. ಎರಡನೇ ಸಿಡಿ 250. ಅದರಲ್ಲಿ ದನಿ ಮೂಲದವರದ್ದೇ. ಆದರೆ ಮೋನೋ ಹಾಡನ್ನು ಎಡಕ್ಕೊಂದು ಬಲಕ್ಕೊಂದು ದನಿ ಬರುವ ಸ್ಟೀರಿಯೋ ಮಾಡಲು ಹೋಗಿ ದನಿಯನ್ನೆಲ್ಲ ಎಡಕ್ಕೆ ತಳ್ಳಿದ್ದಾರೆ. ಅಮ್ಮನಿಗೆ ಎಡಗಿವಿಯೇ ಮಂದ.

ಬಿಜೈಯವ: ನನ್ನ ಬಲ್ಬಿನ ಚಿಂತೆ ನಿಮಗೆ ಯಾಕೆ? 199ಕ್ಕೆ ಘಂಟಸಾಲ ಮನೆಗೆ ಬರುತ್ತಾರಾ?

ಮೂಲ್ಕಿಯವ: ಎಲ್‌ಪಿ ಅಂತ ಹಿಗ್ಗಬೇಡಿ. ನನ್ನ ಹತ್ತಿರ ಅಜ್ಜನ ಕಾಲದ, ನಿಮಿಷಕ್ಕೆ 78 ಸುತ್ತು ತಿರುಗುವ ರೆಕಾರ್ಡು 41 ಇದ್ದವು. ಬದಿಗೊಂದು ಹಾಡು, ಮೂರು ನಿಮಿಷ, ಎದ್ದು ತಿರುಗಿಸಬೇಕು. ಹಾಗೆ ಕೇಳಿದವರಿಗೆ ಒಂದೊಂದು ಹಾಡಿನ ಬೆಲೆ ಗೊತ್ತಿರುತ್ತದೆ. ಬೂಷ್ಟು ತೆಗೆಯಲು ಸ್ಪಿರಿಟ್ ಒಳ್ಳೆಯದು ಅಂತ ಯಾರೋ ಹೇಳಿದರು. ಒರೆಸಿದೆ. ಅದು ಅರಗಿನದ್ದು, ಸ್ಪಿರಿಟ್ಟಿಗೆ ಕರಗುತ್ತದೆ. ಏಳು ರೆಕಾರ್ಡು ಹೋಯಿತು. ಎಂಟನೆಯದಕ್ಕೆ ಕೈ ಹಾಕುವಾಗ ಬಟ್ಟೆ ಕಪ್ಪಗಾದದ್ದು ನೋಡಿದೆ. ಆ ಬಟ್ಟೆ ಇನ್ನೂ ಬಿಸಾಡಿಲ್ಲ.

ಬಿಜೈಯವ: ಎಲ್‌ಪಿಯನ್ನು ಸೋಪಿನ ನೀರಲ್ಲೇ ತೊಳೆಯಬಹುದು. ಸುಮ್ನೆ ಹೇಳಿದೆ.

ಸುರತ್ಕಲ್‌ನವ: ಎಲ್ಲದರಲ್ಲೂ ಅದೇ ಹತ್ತು ಹನ್ನೆರಡು ಹಾಡು. ಸಂಧ್ಯಾರಾಗ ಸಿನಿಮಾ 1966ರದ್ದು. ಜಿ.ಕೆ. ವೆಂಕಟೇಶ್ ಸಂಗೀತ, ಭೀಮಸೇನ ಜೋಶಿಯವರೇ ಹಾಡಿದ್ದಾರೆ. ನಾನು ಕೊಂಡ ಮೂರು ಸಂಗ್ರಹದಲ್ಲೂ ಅದಿಲ್ಲ. ಹೋಗಲಿ, ಒಂದು ತುಳು ಹಾಡಾದರೂ? ನಮ್ಮ ಊರು ಅವರ ಕಣ್ಣಿಗೆ ಬೀಳುವುದೇ ಇಲ್ಲ.

ಕಲ್ಯಾಣಪುರದವಳು: ತುಳು ಸಿನಿಮಾ ಶುರುವಾದದ್ದೇ 1971ರಲ್ಲಿ, ಎನ್ನ ತಂಗಡಿಯಿಂದ. ಅರವತ್ತರ ದಶಕಕ್ಕೆ ಎಲ್ಲಿಂದ ತರುವುದು ಮಾರಾಯ್ರೆ?

ಸುರತ್ಕಲ್‌ನವ: ನಿಮ್ಮ ಸಿಡಿಯಲ್ಲಿ ನಾಗರಹಾವು ಹಾಕಿದವರಿಗೆ ಅದೊಂದು ಕಷ್ಟವಾ?

ಮೂಲ್ಕಿಯವ: ಸೋಪಿನ ನೀರಂತೆ. ಏಳು ಹೋದದ್ದು ನಿಮ್ಮದಾಗಿದ್ದರೆ ಗೊತ್ತಾಗುತ್ತಿತ್ತು.

ಕುಂಜಿಬೆಟ್ಟಿನವ: ಮನೆಯಲ್ಲಿ ರೆಕಾರ್ಡ್ ಪ್ಲೇಯರೂ ಇಲ್ಲ, ಸಿಡಿ ಪ್ಲೇಯರೂ ಇಲ್ಲ. ರೇಡಿಯೊ ಮಾತ್ರ ಅಂತ ಮೊದಲೇ ಬರೆದಿದ್ದೆ.

ಬಿಜೈಯವ: ಪ್ಲೇಯರ್ ಬೇಕಾದರೆ ನನ್ನ ಸೂಟ್‌ಕೇಸಿನದ್ದು ಉಂಟು. 4,000 ಕೊಡಿ ಸಾಕು, ಬೆಲ್ಟ್ ಹೊಸದೇ. ಮನೆಯವಳ ಫೋನಿಗೆ ಮಾತ್ರ ಮಾಡಬೇಡಿ.