ಸಮಸ್ಯೆ: ಬೆಂಕಿಗಿಟ್ಟೋಲೆಯೇ ಉಳಿದುದಲ್ತೆ

ಗೆಳೆಯರೇ, ಈ ಸಲದ ಸಮಸ್ಯೆ ಮೇಲಿನ ಸಾಲು. ಬೆಂಕಿಗೆ ಇಟ್ಟ ಓಲೆಯೇ ಉಳಿಯಿತಲ್ಲವೇ ಎಂದು ಅದರ ಅರ್ಥ. ಈ ವಿರೋಧವನ್ನು ಬಿಡಿಸುವಂತೆ ಉಳಿದ ಮೂರು ಸಾಲು ಬರೆಯುವುದೇ ಪೂರಣ. ಅದು ಪದ್ಯದ ಕೊನೆಯ ಸಾಲಾಗಿ ಬರಬೇಕು. ಛಂದಸ್ಸು ಐದು ಮಾತ್ರೆಯ ಗಣಗಳ ಚೌಪದಿ. 1 ಮತ್ತು 3ನೇ ಸಾಲಿಗೆ ನಾಲ್ಕು ಗಣ. 2 ಮತ್ತು 4ನೇ ಸಾಲಿಗೆ ಮೂರು ಗಣ, ಮೇಲೊಂದು ಅಕ್ಷರ. ಆದಿಪ್ರಾಸ (ಪ್ರತಿ ಸಾಲಿನ ಎರಡನೆಯ ಅಕ್ಷರದ ವ್ಯಂಜನ ಒಂದೇ ಆಗಿರುವುದು) ಬಿಡಬೇಡಿ. ಜಿಂಕೆ, ಬಿಂಕ, ಸಂಕಟ, ಮಂಕು ಅಂತ ಪ್ರಾಸಕ್ಕೆ ಪದಗಳು ಬೇಕಾದಷ್ಟಿವೆ.

ವಸ್ತು ಗುಣಾಢ್ಯನ ಬೃಹತ್ಕಥೆ. ಕಥೆ ಗೊತ್ತಿಲ್ಲದವರಿಗಾಗಿ ಸ್ವಲ್ಪ ಹೇಳುತ್ತೇನೆ. ಗುಣಾಢ್ಯ ಸಾತವಾಹನ ರಾಜನ ಆಸ್ಥಾನದಲ್ಲಿದ್ದವನು. ರಾಜನಿಗೆ ಸಂಸ್ಕೃತ ಬರುತ್ತಿರಲಿಲ್ಲ. ಕಲಿಸಲು ಆರು ವರ್ಷ ಬೇಕು ಎಂದ ಗುಣಾಢ್ಯ. ಆರೇ ತಿಂಗಳು ಸಾಕು ಎಂದ ಆಸ್ಥಾನದ ಇನ್ನೊಬ್ಬ ಪಂಡಿತ ಶರ್ವವರ್ಮ. ಹಾಗೇನಾದರೂ ಆದರೆ ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ಬಿಡುತ್ತೇನೆ ಎಂದು ಗುಣಾಢ್ಯ ಪಣ ಕಟ್ಟಿದ, ಸೋತ. ಮಾತು ಬಿಟ್ಟು ವಿಂಧ್ಯದ ಕಾಡು ಸೇರಿದ. ಅಲ್ಲಿ ಕಾಣಭೂತಿ ಎಂಬ ಪಿಶಾಚ ಅವನಿಗೆ ವಿದ್ಯಾಧರರ ಕಥೆಗಳನ್ನು ಹೇಳಿತು. ಮಸಿ ಇಲ್ಲದ ಕಾಡಿನಲ್ಲಿ ಏಳು ವರ್ಷ ಕೂತು, ತನ್ನ ರಕ್ತದಲ್ಲೇ, ಪೈಶಾಚಿ ಎಂಬ ಪಿಶಾಚರ ಭಾಷೆಯಲ್ಲಿ ಏಳು ಲಕ್ಷ ಶ್ಲೋಕ ಬರೆದ. ಅದೇ ಬೃಹತ್ಕಥೆ. ಶಿಷ್ಯರು ಹೊತ್ತುಕೊಂಡು ಹೋಗಿ ತೋರಿಸಿದರೆ ರಾಜ ಹೀಗಳೆದು ವಾಪಸ್ ಕಳಿಸಿದ. ಗುಣಾಢ್ಯ ಅಗ್ನಿಕುಂಡ ಹೂಡಿ, ಒಂದೊಂದೇ ಓಲೆಯನ್ನು ಪ್ರಾಣಿಪಕ್ಷಿಗಳಿಗೆ ಓದಿ ಹೇಳುತ್ತಾ ಬೆಂಕಿಗೆ ಹಾಕುತ್ತಾ ಹೋದ.

ಇನ್ನು ನಿಮ್ಮ ಕೈಗೆ.

ಪೂರಣ 1

ಜಿಂಕೆ ಹುಲಿ ಮೊಲವೆಲ್ಲ ಸುತ್ತಲೂ ಕುಳಿತಳಲೆ
ಸಂಕಟದಿ ಕವಿ ಸುಟ್ಟನಾರುಲಕ್ಷ
ಬಿಂಕವನು ಬಿಟ್ಟರಸನೋಡಿ ಬರೆ ಕಡೆಯೊಂದು
ಬೆಂಕಿಗಿಟ್ಟೋಲೆಯೇ ಉಳಿದುದಲ್ತೆ

— ಮೇಡಂ, ಓಟ ತುಂಬಾ ಚೆನ್ನಾಗಿದೆ. ‘ಕುಳಿತಳಲೆ’ ಅನ್ನುವಲ್ಲಿ ಎಲ್ಲ ಲಘುಗಳೇ ಬಂದು ಆ ಅಳು ಕಿವಿಗೆ ಬೀಳುತ್ತದೆ. ಆದರೆ ಒಂದು ಮಾತು. ಉಳಿದ ಒಂದು ಲಕ್ಷ ಬೆಂಕಿಗೆ ಇಟ್ಟದ್ದಲ್ಲ, ಇಡದೇ ಬಿಟ್ಟದ್ದು. ವಿದ್ಯಾಧರರ ಚಕ್ರವರ್ತಿಯಾದ ನರವಾಹನದತ್ತನ ಕಥೆ ಶಿಷ್ಯರಿಗೆ ಇಷ್ಟ ಅಂತ ಗುಣಾಢ್ಯನೇ ಅದನ್ನು ತೆಗೆದಿಟ್ಟಿದ್ದ. ಸಮಸ್ಯೆ ಕೇಳುತ್ತಿರುವುದು ಸುಟ್ಟದ್ದೇ ಹೇಗೆ ಉಳಿಯಿತು ಅಂತ, ಅಲ್ವಾ?

— ಸರ್, ‘ಇಟ್ಟ’ ಎಂದರೆ ಬೆಂಕಿಗೆ ಮೀಸಲಿಟ್ಟ ಎಂದು ತೆಗೆದುಕೊಂಡೆ. ರಾಜ ಓಡಿ ಬಂದ ಕಾರಣವೂ ಪದ್ಯದಲ್ಲಿ ಬರಬೇಕು ಅಂತ ಆಸೆ ಇತ್ತು, ಜಾಗ ಸಾಲಲಿಲ್ಲ.

ಆ ಕಾರಣ ನಿಜಕ್ಕೂ ಹೇಳಬೇಕಾದ್ದೇ. ರಾಜನಿಗೆ ಕಾಯಿಲೆ ಬಂತು. ಒಣಕಲು ಮಾಂಸ ತಿಂದಿದ್ದೇ ಕಾರಣ ಎಂದರು ವೈದ್ಯರು. ಅಡುಗೆಯವರನ್ನು ಕೇಳಿದರೆ ಅವರು ಬೇಡರತ್ತ ಕೈ ತೋರಿಸಿದರು. ಕಾಡಿನಲ್ಲಿ ಒಬ್ಬ ಬ್ರಾಹ್ಮಣ ಏನೋ ಓದುತ್ತಾ ಸುಡುತ್ತಿದ್ದಾನೆ, ಪ್ರಾಣಿಗಳೆಲ್ಲ ಮೇವು ಬಿಟ್ಟು ಕಣ್ಣೀರು ಹಾಕುತ್ತಾ ಅವನ ಸುತ್ತ ನಿಂತಿವೆ, ಅದಕ್ಕೇ ಮಾಂಸ ಒಣಗಿದೆ ಎಂದರು ಬೇಡರು. ಆಗಲೇ ರಾಜ ಕಾಡಿಗೆ ಓಡಿ ಬಂದದ್ದು. ಕಥೆಯ ಬೆಲೆ ಆಸ್ಥಾನಕ್ಕೆ ತಿಳಿದದ್ದು ಅಡುಗೆಮನೆಯ ದಾರಿಯಿಂದ. ಕಾವ್ಯದ ಬಗ್ಗೆ ನಾನು ಕೇಳಿದ ಕಥೆಗಳಲ್ಲಿ ಇದಕ್ಕಿಂತ ದೊಡ್ಡದು ಇನ್ನೊಂದಿಲ್ಲ.

ಪೂರಣ 2

ಅಂಕಣದ ಮೇಲಟ್ಟದೋಲೆಗಳ ಹುಳು ತಿನಲು
ಸಂಕಟದಿ ನೋಡಿದಳು ಮನೆಯೊಡತಿಯು
ಬಿಂಕವಿಲ್ಲದ ಜಾಣೆಯೊಲೆಯ ಹೊಗೆಗಿಡಲೊಡನೆ
ಬೆಂಕಿಗಿಟ್ಟೋಲೆಯೇ ಉಳಿದುದಲ್ತೆ

— ಗುಣಾಢ್ಯನನ್ನು ಬಿಟ್ಟು ಮನೆಯೊಳಗೆ ಬಂದಿದ್ದೇನೆ, ಕ್ಷಮಿಸಿ. ಹಿಂದಿನವರು ಓಲೆಗರಿಯ ಕಟ್ಟನ್ನು ಒಲೆಯ ಮೇಲಿನ ಅಟ್ಟದಲ್ಲಿ ಇಡುತ್ತಿದ್ದದ್ದು ಉಂಟು. ಹೊಗೆ ತಾಗಿದ ಗರಿಗೆ ಹುಳು ಬೇಗ ಹತ್ತುವುದಿಲ್ಲ.

— ಕ್ಷಮೆ ಯಾಕೆ ರಾಯರೇ! ವಿರೋಧ ಪೂರ್ತಿ ಕರಗಿದೆ. ಸಮಸ್ಯೆಯನ್ನು ನೇರವಾಗಿ ಬಿಡಿಸಿದ ಪೂರಣ ಇದು. ‘ಬಿಂಕವಿಲ್ಲದ’ ಮಾತ್ರ ಪ್ರಾಸಕ್ಕೆ ಬಂದು ಕೂತಂತಿದೆ, ನೋಡಿ.

ಪೂರಣ 3

ಅಂಕೆಯಲಿ ದೊರೆಯುಳಿಸಿಕೊಂಡ ಲಕ್ಷವು ಕಳೆಯೆ
ಮಂಕು ಕವಿದಾ ಮಾತು ಮಡಿದರೇನು
ಜಿಂಕೆಯಳುವೊಂದನೇ ಊರೆಲ್ಲ ನೆನೆಯುತಿರೆ
ಬೆಂಕಿಗಿಟ್ಟೋಲೆಯೇ ಉಳಿದುದಲ್ತೆ

ಈ ಪದ್ಯದ ಮುಂದೆ ನಾನು ತುಂಬಾ ಹೊತ್ತು ಕೂತೆ. ನಿಜ ಅಲ್ವಾ? ರಾಜ ಗೌರವದಿಂದ ಕೊಂಡೊಯ್ದ ಆ ಒಂದು ಲಕ್ಷವೂ ಇವತ್ತು ಎಲ್ಲೂ ಇಲ್ಲ. ಮೂಲ ಬೃಹತ್ಕಥೆ ಸಿಕ್ಕಿಲ್ಲ. ಪೈಶಾಚಿ ಆಡುವವರಿಲ್ಲ. ಜೋಪಾನ ಮಾಡಿದ್ದು ಹೋಯಿತು. ಸುಟ್ಟ ಸಂಗತಿ ಮಾತ್ರ ಎಲ್ಲರ ಬಾಯಲ್ಲಿದೆ.

ಆದರೂ ಕಥೆಗಳು ಸುಮ್ನೆ ಕೂರಲಿಲ್ಲ. 11ನೇ ಶತಮಾನದ ಕಾಶ್ಮೀರದಲ್ಲಿ ಕ್ಷೇಮೇಂದ್ರ ಅವನ್ನು ಸಂಗ್ರಹಿಸಿದ. ಸೋಮದೇವ ರಾಣಿ ಸೂರ್ಯಮತಿಗಾಗಿ ಇಪ್ಪತ್ತು ಸಾವಿರಕ್ಕೂ ಜಾಸ್ತಿ ಪದ್ಯಗಳಲ್ಲಿ ಹೇಳಿದ. ಬುಧಸ್ವಾಮಿಯ ಇನ್ನೊಂದು ರೂಪ ನೇಪಾಳದ ಹಸ್ತಪ್ರತಿಗಳಲ್ಲಿ ಸಿಕ್ಕಿತು. ತಮಿಳಿನಲ್ಲಿ ಅದೇ ಕಥೆಯ ಪೆರುಂಗದೈ ಎಂಬ ಕಾವ್ಯ ಇದೆ. ನಮ್ಮ ಪಾಲೂ ಸಣ್ಣದಲ್ಲ. ಗಂಗರ ದೊರೆ ದುರ್ವಿನೀತ ವಡ್ಡಕಥೆಯನ್ನು, ಅಂದರೆ ಬೃಹತ್ಕಥೆಯನ್ನು, ಸಂಸ್ಕೃತಕ್ಕೆ ತಂದ ಎಂದು ತಾಮ್ರಶಾಸನ ಹೇಳುತ್ತದೆ. ಆ ಕೃತಿಯೂ ಉಳಿದಿಲ್ಲ, ಅದನ್ನು ನೆನೆದರೆ ಹೊಟ್ಟೆ ಉರಿಯುತ್ತದೆ. ಚಾಲುಕ್ಯ ಜಯಸಿಂಹನ ಆಸ್ಥಾನದ ದುರ್ಗಸಿಂಹನಂತೂ ತನ್ನ ಕನ್ನಡ ಪಂಚತಂತ್ರದ ಬೇರು ಗುಣಾಢ್ಯನ ಕಥೆಯಲ್ಲೇ ಇದೆ ಎಂದು ಸ್ಪಷ್ಟವಾಗಿ ಹೇಳಿಕೊಂಡಿದ್ದಾನೆ. ವಸುಭಾಗಭಟ್ಟ ಅದರಿಂದ ಐದು ಕಥೆ ಆರಿಸಿ ಸಂಸ್ಕೃತದಲ್ಲಿ ಬರೆದ, ತಾನು ಅದನ್ನು ಕನ್ನಡಿಸಿದೆ ಎಂದು.

— ಸರ್, ಹಾಗಾದರೆ ಮೂರನೆಯ ಪೂರಣಕ್ಕೇ ಈ ವಾರದ ಮನ್ನಣೆ?

— ಹೌದು, ನನ್ನ ಮಟ್ಟಿಗೆ ಅನುಮಾನವೇ ಇಲ್ಲ. ಎರಡನೆಯದು ಜಾಣತನದ ಪೂರಣ, ಅದನ್ನೂ ಬರೆದಿಟ್ಟುಕೊಳ್ಳಿ. ಮುಂದಿನ ಸಾಲನ್ನು ಮೂರನೆಯ ಪದ್ಯ ಬರೆದವರೇ ಕೊಡಲಿ.

— ಧನ್ಯವಾದ ಸರ್. ಛಂದಸ್ಸು ಇದೇ ಇರಲಿ, ಎರಡನೆಯ ಅಕ್ಷರ ‘ಕ’, ಮೊದಲಕ್ಷರ ದೀರ್ಘ. ಗುಣಾಢ್ಯನ ಬಗ್ಗೆಯೇ ಬರೆಯಬೇಕು ಅಂತಿಲ್ಲ. ಸಾಲು ಹೀಗಿದೆ:

ಮೂಕನಾಡಿದ ಮಾತು ಕಾಡು ಕೇಳ್ತು