ಹಳೆಯ ಫುಟ್‌ಬಾಲ್ ಗೇಮ್ ಇನ್‌ಸ್ಟಾಲ್ ಆಗುತ್ತಿಲ್ಲ, ಯಾರಿಗಾದರೂ ಅನುಭವ ಇದೆಯಾ?

2006ರ ಪ್ರೊ ಎವಲ್ಯೂಷನ್ ಸಾಕರ್ 6 ಡಿಸ್ಕ್ ಸಿಕ್ಕಿತು. ವಿಂಡೋಸ್ 10ರಲ್ಲಿ ಸೆಟಪ್ ಅರ್ಧಕ್ಕೇ ನಿಲ್ಲುತ್ತದೆ, ಫೈಲ್ ಓದಲು ಆಗಲಿಲ್ಲ ಅನ್ನುತ್ತದೆ. ಅಣ್ಣನ ಜೊತೆ ಆಡಿದ ಗೇಮ್ ಇದು, ಬಿಡಲು ಮನಸ್ಸಿಲ್ಲ. ಏನು ಮಾಡಲಿ?

*

ಮೊದಲು ಒಂದು ಕೇಳುತ್ತೇನೆ: ಪ್ರತಿ ಸಲವೂ ಒಂದೇ ಜಾಗದಲ್ಲಿ ನಿಲ್ಲುತ್ತದಾ? ಹಾಗಿದ್ದರೆ ವಿಂಡೋಸ್‌ನ ಯಾವ ಸೆಟ್ಟಿಂಗೂ ಮುಟ್ಟಬೇಡಿ. ನಾನು ಎರಡು ದಿನ ಕಂಪ್ಯಾಟಿಬಿಲಿಟಿ ಮೋಡ್ (ಹಳೆ ವಿಂಡೋಸ್‌ನಂತೆ ಓಡಿಸುವ ಸೆಟ್ಟಿಂಗ್) ಬದಲಿಸುತ್ತಾ ಕೂತಿದ್ದೆ, ತಪ್ಪು ಇದ್ದದ್ದು ಡಿಸ್ಕ್‌ನಲ್ಲಿ. ಡಿಸ್ಕ್‌ನಲ್ಲಿರುವುದನ್ನೆಲ್ಲ ಒಂದು ಫೋಲ್ಡರ್‌ಗೆ ಕಾಪಿ ಮಾಡಿ ನೋಡಿ. ಕಾಪಿಯೂ ಅದೇ ಫೈಲ್‌ಗೆ ನಿಂತರೆ ಡಿಸ್ಕ್ ಮೇಲೆ ಗೀರು ಅಥವಾ ಕೊಳೆ ಇದೆ ಅಂತಲೇ ಲೆಕ್ಕ. ಮೆತ್ತನೆ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಿ. ಸುತ್ತಲೂ ತಿರುಗಿಸಿ ಒರೆಸಬೇಡಿ, ಆ ದಿಕ್ಕಿನ ಗೀರು ಓದುವುದಕ್ಕೆ ಜಾಸ್ತಿ ತೊಂದರೆ. ಬೇರೆ ಡ್ರೈವ್ ಸಿಕ್ಕರೆ ಅದರಲ್ಲೂ ಹಾಕಿ ನೋಡಿ. ನನ್ನ ಡ್ರೈವ್ ಓದದ ಡಿಸ್ಕ್ ಗೆಳೆಯನ ಡ್ರೈವ್‌ನಲ್ಲಿ ಸಲೀಸಾಗಿ ಓಡಿತು. ಕಾಪಿ ಪೂರ್ತಿ ಆದರೆ ಆ ಫೋಲ್ಡರ್‌ನಿಂದಲೇ ಸೆಟಪ್ ಓಡಿಸಿ.

*

ಇನ್‌ಸ್ಟಾಲ್ ಮಾಡುವ ಜಾಗ ಆರಿಸುವಾಗ ‘ಪ್ರೋಗ್ರಾಮ್ ಫೈಲ್ಸ್’ ಫೋಲ್ಡರ್ ಬೇಡ. ಹಳೆ ಗೇಮ್‌ಗಳು ತಮ್ಮ ಫೋಲ್ಡರ್‌ನಲ್ಲೇ ಬರೆಯಲು ನೋಡುತ್ತವೆ, ವಿಂಡೋಸ್ ಅಲ್ಲಿ ತಡೆಯುತ್ತದೆ. ಸಿ ಡ್ರೈವ್‌ನಲ್ಲಿ ‘ಗೇಮ್ಸ್’ ಅಂತ ಬೇರೆ ಫೋಲ್ಡರ್ ಮಾಡಿ.

*

ಇನ್‌ಸ್ಟಾಲ್ ಆದ ಮೇಲೆ ‘ಡಿ3ಡಿಎಕ್ಸ್9’ ಅಂತ ಶುರುವಾಗುವ ಡಿಎಲ್‌ಎಲ್ (ಗೇಮ್ ಓಡಲು ಬೇಕಾದ ಸಹಾಯಕ ಫೈಲ್) ಇಲ್ಲ ಎಂಬ ಎರರ್ ಬಂದರೆ ಗಾಬರಿ ಬೇಡ. ವಿಂಡೋಸ್‌ನಲ್ಲಿ ಗೇಮ್‌ನ ಚಿತ್ರ, ಸದ್ದು ನಡೆಸುವ ಡೈರೆಕ್ಟ್‌ಎಕ್ಸ್ 12 ಇದೆಯಲ್ಲ ಅಂತ ನಾನೂ ಅಂದುಕೊಂಡಿದ್ದೆ, ಆದರೆ ಹಳೆಯ ಆ ಫೈಲ್‌ಗಳು ಅದರ ಜೊತೆ ಬರುವುದಿಲ್ಲ. ಮೈಕ್ರೋಸಾಫ್ಟ್‌ನ ಜೂನ್ 2010ರ ಡೈರೆಕ್ಟ್‌ಎಕ್ಸ್ ಪ್ಯಾಕೇಜ್ ಹಾಕಿ. ಅದು ಮೊದಲು ಒಂದು ಫೋಲ್ಡರ್‌ಗೆ ಬಿಚ್ಚಿಕೊಳ್ಳುತ್ತದೆ ಅಷ್ಟೇ. ಆಮೇಲೆ ಆ ಫೋಲ್ಡರ್‌ನಲ್ಲಿರುವ ಡಿಎಕ್ಸ್‌ಸೆಟಪ್ ಅನ್ನು ನೀವೇ ಓಡಿಸಬೇಕು. ಇದನ್ನು ಬಿಟ್ಟವರೇ ಜಾಸ್ತಿ. ಒಂದೊಂದೇ ಡಿಎಲ್‌ಎಲ್ ಕೊಡುವ ಸೈಟ್‌ಗಳ ಹತ್ತಿರ ಮಾತ್ರ ಹೋಗಬೇಡಿ, ವೈರಸ್ ಬಂದರೆ ಗೇಮ್ ಜೊತೆ ಕಂಪ್ಯೂಟರೂ ಹೋಗುತ್ತದೆ.

*

ಬೇರೆ ಹಳೆ ಗೇಮ್ ಇರುವವರಿಗೂ ಒಂದು ಮಾತು. ಸೇಫ್‌ಡಿಸ್ಕ್ ಎಂಬ ಕಾಪಿ ತಡೆ ಇರುವ ಡಿಸ್ಕ್ ಆದರೆ ಇನ್‌ಸ್ಟಾಲ್ ಆದರೂ ಗೇಮ್ ತೆರೆಯುವುದಿಲ್ಲ. ಅದಕ್ಕೆ ಬೇಕಾದ ಡ್ರೈವರ್ (ವಿಂಡೋಸ್ ಒಳಗೆ ಓಡುವ ಸಣ್ಣ ಪ್ರೋಗ್ರಾಮ್) ವಿಂಡೋಸ್ 10ರಲ್ಲಿ ಇಲ್ಲವೇ ಇಲ್ಲ. 2015ರ ಸೆಕ್ಯೂರಿಟಿ ಅಪ್‌ಡೇಟ್ ವಿಂಡೋಸ್ 7ರಲ್ಲೂ ಅದನ್ನು ನಿಲ್ಲಿಸಿತು. ಅದರಲ್ಲಿ ಸುರಕ್ಷತೆಯ ತೂತು ಇತ್ತು, ಹಾಗಾಗಿ ಹುಡುಕಿ ತಂದು ಹಾಕಬೇಡಿ. ವಿಂಡೋಸ್ ಎಕ್ಸ್‌ಪಿ ಇರುವ ಹಳೆ ಕಂಪ್ಯೂಟರನ್ನು ನೆಟ್‌ಗೆ ಸೇರಿಸದೆ ಇಟ್ಟುಕೊಂಡರೆ ಸಾಕು, ನಾನು ಹಾಗೇ ಆಡುತ್ತಿದ್ದೇನೆ.

ಇನ್ನೂ ಹಳೆಯ, 90ರ ದಶಕದ ಕೆಲವು ಗೇಮ್‌ಗಳ ಸೆಟಪ್ 16-ಬಿಟ್, ಅಂದರೆ ತೀರಾ ಹಳೆಯ ವಿಂಡೋಸ್‌ಗೆ ಬರೆದದ್ದು. 64-ಬಿಟ್ ವಿಂಡೋಸ್ ಅದನ್ನು ಓಡಿಸುವುದಿಲ್ಲ, ಯಾವ ಮೋಡ್ ಹಾಕಿದರೂ ಅಷ್ಟೇ.

*

ಕೇಳಿದ್ದು ನಾನೇ. ಕಾಪಿ ಮಾಡಿದೆ, ಒಂದೇ ಕ್ಯಾಬ್ ಫೈಲ್‌ಗೆ (ಸೆಟಪ್‌ನ ಫೈಲ್‌ಗಳನ್ನು ಕುಗ್ಗಿಸಿ ಕಟ್ಟಿಟ್ಟ ಫೈಲ್) ನಿಂತಿತು. ಒರೆಸಿ ಮತ್ತೆ ಹಾಕಿದೆ, ಪೂರ್ತಿ ಬಂತು! ಸೆಟಪ್ ಕೂಡ ಮುಗಿಯಿತು. ಈಗ ಡಿಎಲ್‌ಎಲ್ ಎರರ್ ಬಂದಿದೆ, ಡೈರೆಕ್ಟ್‌ಎಕ್ಸ್ ಡೌನ್‌ಲೋಡ್ ಆಗುತ್ತಿದೆ. ಅಣ್ಣನಿಗೆ ಫೋನ್ ಮಾಡಿ ಹೇಳಿಬಿಟ್ಟೆ.